ಅರ್ಧ ದಿನದ ಹಿರಿತನ

ಕುರ್ಚಿ ಇಳಿಯತೊಡಗಿತ್ತು. ಬೆಳಿಗ್ಗೆ ಬಂದು ಕೂತಾಗ ಮೇಜಿನ ಮೇಲೆ ಮೊಣಕೈ ಊರಲು ಹದವಾಗಿದ್ದ ಎತ್ತರ ಈಗಿರಲಿಲ್ಲ. ಮೇಜಿನ ಅಂಚು ತರ್ಕದ ಮೇಷ್ಟ್ರ ಎದೆಯವರೆಗೆ ಬಂದಿತ್ತು. ಈ ತಿರುಗುವ ಕುರ್ಚಿಯ ಕಾಯಿಲೆ ಇಡೀ ಕಾಲೇಜಿಗೆ ಗೊತ್ತಿದ್ದದ್ದೇ. ಅದರ ಕಾಲಿನೊಳಗಿನ ಗಾಳಿ ಎಲ್ಲೋ ಸೋರುತ್ತಿತ್ತು. ಕೂತವರ ಭಾರಕ್ಕೆ ಅದು ಸದ್ದು ಮಾಡದೆ, ಕೂತವರಿಗೇ ತಿಳಿಯದ ಹಾಗೆ, ಮರ್ಯಾದಸ್ಥನಂತೆ ತಗ್ಗುತ್ತ ಹೋಗುತ್ತಿತ್ತು. ಮತ್ತೆ ಏರಿಸಬೇಕೆಂದರೆ ಎದ್ದು ನಿಂತು, ಬಗ್ಗಿ, ಸೀಟಿನ ಕೆಳಗಿನ ಹಿಡಿಯನ್ನು ಎಳೆದು ಹಿಡಿಯಬೇಕು. ಎದ್ದು ನಿಲ್ಲುವುದೊಂದನ್ನು ಬಿಟ್ಟು ಇವತ್ತು ಬೇರೆ ಏನು ಬೇಕಾದರೂ ಮಾಡಿ ಎಂದು ವಕೀಲರು ಹೇಳಿದ್ದರು. ಇದೇ ವೇಗದಲ್ಲಿ ಇಳಿದರೆ ಸಂಜೆಯ ಹೊತ್ತಿಗೆ ಎದುರು ಕೂತವರಿಗೆ ತಮ್ಮ ಕನ್ನಡಕ ಮಾತ್ರ ಕಂಡೀತು ಎಂದು ಮೇಷ್ಟ್ರು ಅಂದಾಜು ಮಾಡಿದರು. ಅಂದಾಜು ಮಾಡಿದ್ದು ಬೇರೊಂದನ್ನು ಮರೆಯುವುದಕ್ಕೆ. ಆ ಬೇರೊಂದು ಹೊಕ್ಕುಳಿನ ಕೆಳಗೆ ಬೆಳಗಿನಿಂದ ಬೆಳೆಯುತ್ತ ಬಂದು, ಈಗ ಹೊಟ್ಟೆಯ ಒಳಗಿನಿಂದ ಬಾಗಿಲು ತಟ್ಟುತ್ತಿತ್ತು.

ಮೇಜಿನ ಮೇಲಿನ ಫೋನು ಬಡಿದುಕೊಂಡಿತು.

"ಪ್ರಿನ್ಸಿಪಾಲರೇ, ಎದ್ದಿಲ್ಲ ತಾನೆ?" ವಕೀಲರು. ಬೆಳಿಗ್ಗೆಯಿಂದ ಎಷ್ಟನೆಯ ಸಲವೋ.

"ಇಲ್ಲ."

"ಏಳಬೇಡಿ. ಆಕಾಶ ಕಳಚಿ ಬಿದ್ರೂ ಏಳಬೇಡಿ. ಕೋರ್ಟಿನ ಕಮಿಷನರ್ ಹೊರಟಾಗಿದೆ. ಬಾಗಿಲು ತಳ್ಳಿದಾಗ ಅವರ ಕಣ್ಣಿಗೆ ಏನು ಬೀಳುತ್ತೋ ಅದೇ ರಿಪೋರ್ಟು. ಕುರ್ಚೀಲಿ ನೀವಿದ್ರೆ ಪ್ರಿನ್ಸಿಪಾಲ್‌ಗಿರಿ ನಿಮ್ಮದು. ಕುರ್ಚಿ ಖಾಲಿ ಇತ್ತು ಅಂತ ಬರೆದ್ರೋ, ನಾನು ಏನೂ ಮಾಡೋಕಾಗಲ್ಲ."

"ಎಷ್ಟು ಹೊತ್ತಿಗೆ ಬರ್ತಾರಂತೆ?"

"ಹೇಳಿ ಕಳಿಸಿ ಬರೋಕೆ ಅವರೇನು ನಿಮ್ಮ ಬೀಗರಾ? ಈಗ ಬರಬಹುದು, ಸಂಜೆ ಬರಬಹುದು. ನೀವು ಕೂತಿರಿ, ಅಷ್ಟೇ."

ಕೂತಿರುವುದು ಇಷ್ಟು ಕಷ್ಟದ ಕೆಲಸವೆಂದು ಮೇಷ್ಟ್ರಿಗೆ ಗೊತ್ತಿರಲಿಲ್ಲ. ಜೀವಮಾನವಿಡೀ ನಿಂತು ಪಾಠ ಮಾಡಿದವರು ಅವರು. ಕೂತವನು ಪ್ರಾಂಶುಪಾಲ, ನಾನು ಕೂತಿದ್ದೇನೆ, ಆದ್ದರಿಂದ ನಾನು ಪ್ರಾಂಶುಪಾಲ. ಮೊದಲ ವರ್ಷದ ಹುಡುಗರೂ ತಪ್ಪು ಹುಡುಕಲಾಗದ ವಾದ. ಆದರೆ ಹೊಟ್ಟೆಗೆ ತರ್ಕಶಾಸ್ತ್ರ ಬರುತ್ತಿರಲಿಲ್ಲ. ಕಿಡ್ನಿಯಲ್ಲಿ ಕಲ್ಲಿದೆ, ನೀರು ಕುಡಿಯುತ್ತಲೇ ಇರಬೇಕು ಎಂದು ಡಾಕ್ಟರು ಹೇಳಿದ ದಿನದಿಂದ ಹೆಂಡತಿ ಅದನ್ನು ವ್ರತದಂತೆ ನಡೆಸುತ್ತಿದ್ದಳು. ಇವತ್ತೂ ಚಪ್ಪಲಿ ಮೆಟ್ಟುವಾಗ ಚೊಂಬು ಹಿಡಿದು ಅಡ್ಡ ನಿಂತಿದ್ದಳು. ಇವತ್ತು ಬೇಡ ಕಣೇ, ಇವತ್ತು ಏಳೋ ಹಾಗಿಲ್ಲ ಎಂದರೆ, "ಕುರ್ಚಿ ಹೋದ್ರೆ ಇನ್ನೊಂದು ಕುರ್ಚಿ ಬರುತ್ತೆ, ಕಿಡ್ನಿ ಎಲ್ಲಿಂದ ತರ್ತೀರಾ, ಕುಡೀರಿ" ಎಂದು ಪೂರ್ತಿ ಕುಡಿಸಿಯೇ ಬಿಟ್ಟಳು. ಆಮೇಲೆ ಚೊಂಬನ್ನು ಬೋರಲು ಹಾಕುತ್ತ, ಯಾರಿಗೋ ಹೇಳುವವಳಂತೆ ಗೋಡೆಗೆ ಹೇಳಿದಳು: "ಬಾಯಿ ಬಿಟ್ಟು ಒಂದು ಮಾತು ಕೇಳಿದ್ರೆ ಅವರು ಕೊಡ್ತಿರಲಿಲ್ವಾ? ಎಷ್ಟು ಭಾನುವಾರ ನಮ್ಮನೇಲಿ ಉಂಡವರು." ಮೇಷ್ಟ್ರು ಗೇಟು ತೆಗೆದಿದ್ದರು. ಗೇಟಿನ ಸದ್ದೇ ಉತ್ತರವಾಯಿತು ಎಂದುಕೊಂಡಿದ್ದರು, ಅದು ಉತ್ತರವಾಗಿರಲಿಲ್ಲ.

ಅವಳು ಹೇಳಿದ 'ಅವರು' ಈಗ ಬಾಗಿಲಾಚೆ ಬೆಂಚಿನ ಮೇಲೆ ಕೂತಿದ್ದ. ಕೋಣೆಗೆ ಇದ್ದದ್ದು ಅರ್ಧ ಬಾಗಿಲು, ತಳ್ಳಿದರೆ ತೆರೆದು ತಾನೇ ಮುಚ್ಚಿಕೊಳ್ಳುವಂಥದ್ದು. ಅದರ ಕೆಳಗಿನ ಖಾಲಿ ಜಾಗದಲ್ಲಿ ಎರಡು ಪಾದ ಕಾಣುತ್ತಿದ್ದವು. ಕಂದು ಚಪ್ಪಲಿ, ಉದ್ದ ಬೆರಳುಗಳು, ಬಲಗಾಲಿನ ಹೆಬ್ಬೆರಳ ಉಗುರು ಒಂದು ಕಡೆ ಕಪ್ಪು. ಆ ಉಗುರಿನ ಮೇಲೆ ಪ್ರಯೋಗಾಲಯದ ಕಬ್ಬಿಣದ ಸ್ಟ್ಯಾಂಡು ಬಿದ್ದ ದಿನ ಇವನನ್ನು ಸೈಕಲ್ಲಿನ ಹಿಂದೆ ಕೂರಿಸಿಕೊಂಡು ಆಸ್ಪತ್ರೆಗೆ ಒಯ್ದದ್ದು ಮೇಷ್ಟ್ರೇ. ಸಸ್ಯಶಾಸ್ತ್ರ ಪಾಠ ಮಾಡುವ, ಉದ್ದಕ್ಕೆ ತೆಳ್ಳಗೆ ಬೆಳೆದ ಆ ಮನುಷ್ಯನಿಗೆ ಕಾಲೇಜೆಲ್ಲ ಬಳ್ಳಿ ಎನ್ನುತ್ತಿತ್ತು. ಹೆಸರಿಟ್ಟದ್ದೂ ಮೇಷ್ಟ್ರೇ, ಆಗಿನ್ನೂ ಇಬ್ಬರೂ ಸ್ಟಾಫ್ ರೂಮಿನ ಒಂದೇ ಮೇಜಿನ ಎರಡು ಬದಿಗೆ ಕೂರುತ್ತಿದ್ದರು. ಈಗ ಬಳ್ಳಿ ಕೋರ್ಟಿನಲ್ಲಿ ಅವರ ಎದುರುದಾರ. ಇವರು ಎದ್ದ ಗಳಿಗೆಯನ್ನು ಹಿಡಿಯಲು ಅವನ ವಕೀಲರು ಅವನನ್ನು ಅಲ್ಲಿ ಕೂರಿಸಿದ್ದರು. ಅಂತೂ ಇಬ್ಬರು ವಕೀಲರು ಸೇರಿ ಇಬ್ಬರು ಮೇಷ್ಟ್ರುಗಳನ್ನು ಬಾಗಿಲಿನ ಈಚೆಗೊಬ್ಬ ಆಚೆಗೊಬ್ಬ ಎಂದು ಕೂರಿಸಿ, ತಾವು ಕೋರ್ಟಿನ ಕ್ಯಾಂಟೀನಿನಲ್ಲಿ ಬಹುಶಃ ಒಂದೇ ಮೇಜಿನಲ್ಲಿ ಟೀ ಕುಡಿಯುತ್ತಿದ್ದರು.

ಹಳೆಯ ಪ್ರಾಂಶುಪಾಲರು ನಿವೃತ್ತರಾದಾಗ ಎಲ್ಲರಲ್ಲಿ ಹಿರಿಯ ಯಾರೋ ಅವರನ್ನು ಕೂರಿಸಿ ಎಂದು ಆದೇಶ ಬಂದಿತ್ತು. ಹಿರಿಯರು ಇಬ್ಬರಿದ್ದರು. ಇಬ್ಬರೂ ಒಂದೇ ದಿನ ಕೆಲಸಕ್ಕೆ ಸೇರಿದವರು. ಮೇಷ್ಟ್ರು ಪೂರ್ವಾಹ್ನ, ಬಳ್ಳಿ ಅಪರಾಹ್ನ. ಆ ಅರ್ಧ ದಿನ ಇಷ್ಟು ವರ್ಷ ಯಾರ ಕಣ್ಣಿಗೂ ಬೀಳದೆ ತೆಪ್ಪಗೆ ಬಿದ್ದುಕೊಂಡಿದ್ದು, ಕುರ್ಚಿ ಖಾಲಿಯಾದ ಮಾರನೇ ದಿನ ಎದ್ದು ಕೂತಿತು. ವಯಸ್ಸಿನಲ್ಲಿ ನಾನು ದೊಡ್ಡವನು ಎಂದು ಬಳ್ಳಿ ಕೋರ್ಟಿಗೆ ಹೋದ. ಆ ಕೋರ್ಟು ಅವನನ್ನು ಕೂರಿಸಿತು. ಅರ್ಧ ದಿನ ನಾನು ಹಿರಿಯ ಎಂದು ಮೇಷ್ಟ್ರು ಮೇಲಿನ ಕೋರ್ಟಿಗೆ ಹೋದರು. ಅದು ಅವನನ್ನು ಎಬ್ಬಿಸಿ, ಮುಂದಿನ ಆದೇಶದವರೆಗೆ ಇವರನ್ನು ಕೂರಿಸಿತು. ಅಂದಿನಿಂದ ಸ್ಟಾಫ್ ರೂಮಿನಲ್ಲಿ ಇವರಿಗೆ ಅರ್ಧ ದಿನ ಎಂದು ಹೆಸರು. "ಅರ್ಧ ದಿನ ಬಂದ್ರಾ?" "ಅರ್ಧ ದಿನ ರಜಾ ಸ್ಯಾಂಕ್ಷನ್ ಮಾಡಿದ್ರಾ?" ಕಾರಿಡಾರಿನಲ್ಲಿ ಕಿವಿಗೆ ಬಿದ್ದಾಗ ಮೇಷ್ಟ್ರು ಕೈಗಡಿಯಾರ ನೋಡಿಕೊಳ್ಳುತ್ತಿದ್ದರು, ಏನೋ ಜರೂರು ಕೆಲಸವಿದ್ದವರ ಹಾಗೆ.

ಬಳ್ಳಿ ಅಧಿಕಾರ ಒಪ್ಪಿಸಿದ ದಿನ ಇಬ್ಬರೂ ಮುಖ ಕೊಟ್ಟು ಮಾತಾಡಲಿಲ್ಲ. ಗುಮಾಸ್ತರು ಕೋಣೆಯಲ್ಲಿದ್ದದ್ದನ್ನೆಲ್ಲ ಓದುತ್ತ ಹೋದರು: ಮೇಜು, ತಿರುಗುವ ಕುರ್ಚಿ, ಅತಿಥಿಗಳ ಕುರ್ಚಿ, ಭೂಗೋಳ, ಪಿಂಗಾಣಿ ಗೂಬೆ, ಚರ್ಚಾಸ್ಪರ್ಧೆಯಲ್ಲಿ ಗೆದ್ದ ಬೆಳ್ಳಿ ಬಣ್ಣದ ಕಪ್ಪು. ಬಳ್ಳಿ ಒಂದೊಂದಕ್ಕೂ ತಲೆಯಾಡಿಸಿದ, ಮೇಷ್ಟ್ರೂ ಆಡಿಸಿದರು. ಕೋಣೆಗೆ ಅಂಟಿಕೊಂಡ ಶೌಚಾಲಯದ ಬೀಗದ ಕೈಯನ್ನು ಮಾತ್ರ ಗುಮಾಸ್ತರು ಓದಲಿಲ್ಲ. ಬಳ್ಳಿ ಕೊಡಲಿಲ್ಲ, ಮೇಷ್ಟ್ರು ಕೇಳಲಿಲ್ಲ. ಬೀಗದ ಕೈ ಬಳ್ಳಿಯ ಕಿಸೆಯಲ್ಲೇ ಉಳಿಯಿತು. ಅಂದಿನಿಂದ ಮೇಷ್ಟ್ರು ಮೆಟ್ಟಿಲಿಳಿದು, ಅಂಗಳ ದಾಟಿ, ಸೈಕಲ್ ಸ್ಟ್ಯಾಂಡಿನ ಪಕ್ಕದ ಶೌಚಾಲಯಕ್ಕೆ ಹೋಗಬೇಕಾಯಿತು, ಅದೂ ದಿನಕ್ಕೆ ಹತ್ತು ಹಲವು ಸಲ. ಹುಡುಗರು ದಾರಿಯಲ್ಲಿ ನಮಸ್ಕಾರ ಹೊಡೆಯುತ್ತಿದ್ದರು. ಪ್ರತಿ ನಮಸ್ಕಾರಕ್ಕೂ ನಿಂತು ಪ್ರತಿನಮಸ್ಕಾರ ಹೇಳುವ ಸಹನೆ ಹೋಗುವಾಗ ಇರುತ್ತಿರಲಿಲ್ಲ, ಬರುವಾಗ ಇರುತ್ತಿತ್ತು. ಹಾಗಾಗಿ ಪ್ರಿನ್ಸಿಪಾಲರು ಒಂದು ಹೊತ್ತಿಗೆ ಸಿಡುಕರು, ಒಂದು ಹೊತ್ತಿಗೆ ದೇವರಂಥವರು ಎಂದು ಹುಡುಗರಲ್ಲಿ ಸುದ್ದಿಯಾಯಿತು. ಇದನ್ನೇ ಹಿಡಿದು ಬಳ್ಳಿಯ ವಕೀಲರು ಹೊಸ ಅರ್ಜಿ ಹಾಕಿದರು: ಇವರು ಕುರ್ಚಿಯಲ್ಲಿ ಕೂರುವುದೇ ಇಲ್ಲ, ಕಾಲೇಜು ನಡೆಸುತ್ತಿಲ್ಲ. ಮೇಷ್ಟ್ರ ವಕೀಲರು ಉತ್ತರ ಸಿದ್ಧ ಮಾಡಿದರು: ಕೂರದಿರುವುದಕ್ಕೆ ಎದುರುದಾರರೇ ಕಾರಣ. ಎರಡನ್ನೂ ಓದಿ ತಲೆ ಚಿಟ್ಟು ಹಿಡಿದ ನ್ಯಾಯಾಧೀಶರು, ಯಾರಾದರೂ ಹೋಗಿ ಕಣ್ಣಾರೆ ನೋಡಿಕೊಂಡು ಬನ್ನಿ ಎಂದು ಕಮಿಷನರನ್ನು ನೇಮಿಸಿದ್ದರು.

"ಎಷ್ಟು ಸಲ ಕೇಳಿದ್ರಿ ಬೀಗದ ಕೈನ?" ಅಫಿಡವಿಟ್ಟು ಬರೆಯಿಸುವಾಗ ವಕೀಲರು ಕೇಳಿದ್ದರು.

"ಕೇಳಬೇಕು ಅಂತ ಒಂದು ಸಲ ಹೋಗಿದ್ದೆ."

"'ಹಲವು ಬಾರಿ ವಿನಂತಿಸಿದರೂ' ಅಂತ ಹಾಕ್ತೀನಿ."

ಹೋಗಿದ್ದದ್ದು ನಿಜ. ಸಸ್ಯಶಾಸ್ತ್ರದ ಪ್ರಯೋಗಾಲಯದ ಬಾಗಿಲಲ್ಲಿ ನಿಂತಿದ್ದರು. ಬಳ್ಳಿ ಹುಡುಗಿಯೊಬ್ಬಳಿಗೆ ದಂಟನ್ನು ತೆಳ್ಳಗೆ ಕೊಯ್ಯುವುದು ತೋರಿಸುತ್ತಿದ್ದ. ತಲೆಯೆತ್ತಿ ಇವರನ್ನು ನೋಡಿದ. ಅವನ ಮುಖದಲ್ಲಿ, ಕೇಳು, ಕೇಳು ಎಂಬಂಥದ್ದೇನೋ ಇತ್ತು. ಅದು ಗೆದ್ದವನ ಕಾಯುವಿಕೆಯೋ ಗೆಳೆಯನ ಕಾಯುವಿಕೆಯೋ ಮೇಷ್ಟ್ರಿಗೆ ತಿಳಿಯಲಿಲ್ಲ. "ಒಂದು ಬ್ಲೇಡ್ ಬೇಕಿತ್ತು" ಎಂದರು. ಅವನು ಕೊಟ್ಟ. ಆ ಬ್ಲೇಡು ಈಗಲೂ ಈ ಮೇಜಿನ ಖಾನೆಯಲ್ಲಿತ್ತು, ಕಾಗದ ಬಿಚ್ಚದೆ. ಅಫಿಡವಿಟ್ಟು ಓದಿದಾಗ ಅವರು ಒಂದೇ ಒಂದು ತಕರಾರು ತೆಗೆದರು. ಮೂರನೆಯ ಪ್ಯಾರಾಕ್ಕೂ ಏಳನೆಯ ಪ್ಯಾರಾಕ್ಕೂ ವಿರೋಧಾಭಾಸ ಬರುತ್ತದೆ ಎಂದರು. ವಕೀಲರು ಭೇಷ್ ಎಂದು ತಿದ್ದಿದರು. ಸುಳ್ಳು ಸುಳ್ಳಾಗಿಯೇ ಉಳಿದು ತರ್ಕಬದ್ಧವಾಯಿತು. ಮೇಷ್ಟ್ರು ಸಹಿ ಹಾಕಿದರು.

ಸಹಿ ಹಾಕಿದ ಸುಳ್ಳು ಅದೊಂದೇ ಅಲ್ಲ. ಅದಕ್ಕೂ ಮೊದಲಿನದೊಂದಿತ್ತು. 'ಎದುರುದಾರರು ಅಲಕ್ಷ್ಯದಿಂದ ತಡವಾಗಿ, ಅಪರಾಹ್ನ ಹಾಜರಾದರು.' ಅಲಕ್ಷ್ಯ. ಕಾಲು ತಾನಾಗಿ ಕುಣಿಯತೊಡಗಿತು. ಮೇಷ್ಟ್ರು ಒಂದರ ಮೇಲೊಂದು ಹಾಕಿ ಒತ್ತಿ ಹಿಡಿದರು. ಕೆಲಸಕ್ಕೆ ಸೇರಲು ಬಂದ ಆ ದಿನ ಬಸ್ಸು ಕಿಕ್ಕಿರಿದಿತ್ತು. ಕಿಟಕಿಯಿಂದ ಕರ್ಚೀಫು ಎಸೆದು ಸೀಟು ಹಿಡಿದಿದ್ದ ಉದ್ದನೆಯ ಅಪರಿಚಿತನೊಬ್ಬ ಇವರ ಕೈಯಲ್ಲಿದ್ದ ಆದೇಶದ ಲಕೋಟೆ ನೋಡಿ, ನೀವೂ ಅದೇ ಕಾಲೇಜಿಗಾ, ಬನ್ನಿ ಬನ್ನಿ, ಎಂದು ಸರಿದು ಕೂತಿದ್ದ. ಇವರಿಗೆ ಭಯ, ಹೊಸ ಕೆಲಸ, ಹೊಸ ಊರು, ತಿರುವಿನ ದಾರಿ. ಕೊನೆಯ ತಿರುವಿನಲ್ಲಿ ತಡೆಯಲಾಗದೆ ಹೊಟ್ಟೆಯಲ್ಲಿದ್ದದ್ದನ್ನೆಲ್ಲ ಹೊರಹಾಕಿದರು, ಅರ್ಧ ತಮ್ಮ ಮೇಲೆ, ಅರ್ಧ ಅವನ ಮೇಲೆ. ಬಸ್ಸಿಳಿದು ನಲ್ಲಿಯ ಕೆಳಗೆ ನಿಂತು ಅಳು ಬರುವ ಹಾಗಿದ್ದಾಗ ಅವನು ಚೀಲದಿಂದ ಇಸ್ತ್ರಿ ಮಾಡಿದ ಅಂಗಿ ತೆಗೆದ. ಬಿಳಿ, ಸಣ್ಣ ನೀಲಿ ಗೆರೆ. ಅದೇ ದಿನ ತೊಡಲೆಂದು ತಂದದ್ದು. "ಹಾಕ್ಕೊಳ್ಳಿ, ಹೋಗಿ ಸಹಿ ಮಾಡಿ. ನಂದು ಒಗೆದು ಒಣಗಿಸ್ಕೊಂಡು ಬರ್ತೀನಿ. ಒಂದು ದಿನದಲ್ಲಿ ಏನು ಬೆಳಿಗ್ಗೆ, ಏನು ಮಧ್ಯಾಹ್ನ?" ತೋಳು ಇವರಿಗೆ ಉದ್ದವಾಗಿತ್ತು; ಮಡಚಿಕೊಂಡು ಹೋಗಿ ಪೂರ್ವಾಹ್ನ ಎಂದು ಬರೆದು ಸಹಿ ಮಾಡಿದರು. ಅಂಗಿಯನ್ನು ವಾಪಸು ಕೊಡಲಿಲ್ಲ. ಮೊದಲು ಮರೆತರು, ಆಮೇಲೆ ಕೊಡಲು ತಡವಾಯಿತು ಎನ್ನಿಸಿತು, ಆಮೇಲೆ ಮದುವೆಯಾಗಿ ಹೆಂಡತಿ ಅದನ್ನು ಕಪಾಟಿನ ಧೂಳು ಒರೆಸಲು ತೆಗೆದುಕೊಂಡಳು. ಪ್ರತಿ ವಾಯಿದೆಯ ದಿನ ಕೋರ್ಟಿನಲ್ಲಿ ಮೇಷ್ಟ್ರು ಅಂಗೈ ಬೆವರಿಸಿಕೊಂಡು ಕೂರುತ್ತಿದ್ದರು, ಇವತ್ತು ಅಂಗಿಯ ವಿಷಯ ಎತ್ತುತ್ತಾನೆ, ಇವತ್ತು ಎತ್ತುತ್ತಾನೆ ಎಂದು. ಬಳ್ಳಿ ಎತ್ತಲಿಲ್ಲ. ತನ್ನ ವಕೀಲರಿಗೂ ಹೇಳಿದಂತಿರಲಿಲ್ಲ. ಹೇಳಿಬಿಟ್ಟಿದ್ದರೆ ಅವನನ್ನು ದ್ವೇಷಿಸಲು ಅನುಕೂಲವಾಗುತ್ತಿತ್ತು.

ಜವಾನ ಅರ್ಧ ಬಾಗಿಲಿನ ಮೇಲಿನಿಂದ ಇಣುಕಿದ. "ಸಾರ್, ಟೀ ತರ್ಲಾ?"

"ಟೀ ಹೆಸರು ಎತ್ತಬೇಡ!"

ಅವನಿಗೆ ಎಲ್ಲ ಅರ್ಥವಾದಂತಿತ್ತು. ಒಳಬಂದು ಕಪಾಟಿನತ್ತ ನೋಡಿ, ದನಿ ತಗ್ಗಿಸಿ, "ಸಾರ್, ತಪ್ಪು ತಿಳ್ಕೋಬೇಡಿ. ಆ ಕಪ್ಪು ದೊಡ್ಡದಿದೆ. ನಾನು ಹೊರಗೆ ನಿಂತಿರ್ತೀನಿ" ಎಂದ. ಮೇಷ್ಟ್ರು ಅವನನ್ನು ದುರುಗುಟ್ಟಿ ನೋಡಿದರು. ಆದರೆ ಅವನು ಹೋದಮೇಲೆ ಕಣ್ಣು ತಾನಾಗಿ ಬೆಳ್ಳಿ ಬಣ್ಣದ ಕಪ್ಪಿನ ಮೇಲೆ ನೆಟ್ಟಿತು. ಅದನ್ನು ಗೆದ್ದ ಹುಡುಗಿಗೆ ಚರ್ಚೆ ಹೇಳಿಕೊಟ್ಟವರು ತಾವೇ. ವಿಷಯ: ಅಧಿಕಾರಕ್ಕಿಂತ ಆತ್ಮಗೌರವ ದೊಡ್ಡದು. ಪರವಾಗಿ ಮಾತಾಡಿ ಗೆದ್ದಿದ್ದಳು. ಕಪ್ಪಿಗೆ ಎರಡು ಕಿವಿ, ಅಗಲವಾದ ಬಾಯಿ. ಅದು ಕೈಗೆ ಎಟುಕುವಷ್ಟು ಹತ್ತಿರವಿದೆಯೇ ಎಂದು ತಾವು ಅಳೆಯುತ್ತಿರುವುದು ತಿಳಿದು ಮೇಷ್ಟ್ರಿಗೆ ಬೆವರೊಡೆಯಿತು. ಕುರ್ಚಿ ಇನ್ನೂ ಸ್ವಲ್ಪ ಇಳಿಯಿತು.

ಆಗ ಬಾಗಿಲ ಕೆಳಗಿನ ಪಾದಗಳು ಎದ್ದವು. ಬಾಗಿಲು ತಳ್ಳಿಕೊಂಡು ಬಳ್ಳಿ ಒಳಗೆ ಬಂದ. ಅಧಿಕಾರ ಒಪ್ಪಿಸಿ ಹೋದ ಮೇಲೆ ಅವನು ಈ ಕೋಣೆಗೆ ಕಾಲಿಟ್ಟದ್ದು ಇದೇ ಮೊದಲು. ಕೂರು ಎಂದು ಇವರು ಹೇಳಲಿಲ್ಲ. ಅವನೇ ಅತಿಥಿಗಳ ಕುರ್ಚಿಯಲ್ಲಿ ಕೂತು, ಮೇಜಿನಾಚೆ ಗಲ್ಲದವರೆಗೆ ಮುಳುಗಿದ್ದ ಇವರನ್ನು ಸ್ವಲ್ಪ ಹೊತ್ತು ನೋಡಿದ.

"ಬೆಳಿಗ್ಗೆಯಿಂದ ನಿನ್ನ ಕಾಲು ನೋಡ್ತಾ ಇದೀನಿ" ಎಂದ. "ಬಾಗಿಲ ಕೆಳಗೆ ಕಾಣುತ್ತೆ. ಅವತ್ತು ಬಸ್ಸಲ್ಲೂ ಹೀಗೇ ಕುಣಿಸ್ತಿದ್ದೆ. ಆಮೇಲೆ ಏನಾಯ್ತು ಅಂತ ಇಬ್ಬರಿಗೂ ಗೊತ್ತು."

ಇಷ್ಟು ಹೊತ್ತೂ ತಾವೊಬ್ಬರೇ ಅವನ ಪಾದ ನೋಡುತ್ತಿರುವುದು ಎಂದು ಮೇಷ್ಟ್ರು ತಿಳಿದಿದ್ದರು. ಏನಾದರೂ ಚುರುಕಾದದ್ದು ಹೇಳಬೇಕೆಂದು ಬಾಯಿ ತೆರೆದರು. ಬಂದದ್ದು ಒಂದು ನರಳಿಕೆ.

ಬಳ್ಳಿ ಕಿಸೆಗೆ ಕೈ ಹಾಕಿ, ಸಣ್ಣ ಹಿತ್ತಾಳೆಯ ಬೀಗದ ಕೈಯನ್ನು ಮೇಜಿನ ಮೇಲಿಟ್ಟ. "ಹೋಗಿ ಬಾ."

"ನಾನು ಎದ್ದ ತಕ್ಷಣ ನೀನು ಕೂರೋಕೆ?"

"ಕೂರೋದಿದ್ರೆ ಹೊರಗೇ ಕಾಯ್ತಿದ್ದೆ. ಇನ್ನು ಸ್ವಲ್ಪ ಹೊತ್ತಿಗೆ ನೀನಾಗೇ ಓಡಿಹೋಗ್ತಿದ್ದೆ ಕಣೋ, ಮುಖ ನೋಡಿದ್ರೆ ಗೊತ್ತಾಗುತ್ತೆ."

"ಇಷ್ಟು ದಿನ ಇಟ್ಕೊಂಡು ಈಗ ಕೊಡ್ತಿದೀಯಲ್ಲ!"

"ನೀನು ಕೇಳಲೇ ಇಲ್ವಲ್ಲ" ಎಂದ ಬಳ್ಳಿ. ಅವನ ದನಿ ಮೊದಲ ಸಲ ಒಂಚೂರು ಗಡುಸಾಯಿತು. "ಕೇಳ್ತೀಯಾ ಅಂತ ಕಿಸೇಲೇ ಇಟ್ಕೊಂಡು ತಿರುಗ್ತಿದ್ದೆ. ಬಂದೆ, ಬ್ಲೇಡ್ ಕೇಳ್ಕೊಂಡು ಹೋದೆ. ಆಮೇಲೆ ನೋಡಿದ್ರೆ ಕೋರ್ಟಿಂದ ಕಾಗದ ಬಂತು, ಹಲವು ಬಾರಿ ವಿನಂತಿಸಿದ್ದೀಯಂತೆ."

ಮೇಷ್ಟ್ರಿಗೆ ಎರಡು ದಾರಿಯಿತ್ತು: ನಂಬಿ ಏಳುವುದು, ನಂಬದೆ ಕೂತಲ್ಲೇ ಕೆಡುವುದು. ಮೂರನೆಯದು ಇಲ್ಲವೆಂದು ತರ್ಕ ಹೇಳುತ್ತಿತ್ತು. ಆದರೆ ಮನುಷ್ಯ ಮೂರನೆಯದನ್ನು ಹುಡುಕದೆ ಬಿಡುವುದಿಲ್ಲ. ಎದ್ದವರೇ ಅವರು ಜೇಬಿನಿಂದ ಕರ್ಚೀಫು ತೆಗೆದು, ಕುರ್ಚಿಯ ಮೇಲೆ ಹರಡಿ, ಅಂಗೈಯಿಂದ ಒಂದು ಸಲ ಸವರಿ ನೇರ ಮಾಡಿದರು. ಆಮೇಲೆ ಬೀಗದ ಕೈ ಕಸಿದುಕೊಂಡು ಓಡಿದರು. ಹಿಂದೆ ಬಳ್ಳಿ ನಕ್ಕದ್ದು ಕೇಳಿಸಿತು.

ಒಳಗೆ ಜೇಡರ ಬಲೆ, ಒಣಗಿದ ಸೋಪು, ಕಿಂಡಿಯಿಂದ ಬರುವ ಒಂದು ಪಟ್ಟಿ ಬಿಸಿಲು. ಮೇಷ್ಟ್ರು ಕಣ್ಣು ಮುಚ್ಚಿಕೊಂಡರು. ಈ ಸುಖವನ್ನು ಯಾವ ಶಾಸ್ತ್ರದವರೂ ಸರಿಯಾಗಿ ಬರೆದಿಲ್ಲ ಎನ್ನಿಸಿತು. ಪ್ರಪಂಚದ ಮೇಲೆ ಒಂದು ದೊಡ್ಡ ಕ್ಷಮೆ ಹುಟ್ಟಿತು: ವಕೀಲರ ಮೇಲೆ, ಕಪ್ಪಿನ ಮಾತೆತ್ತಿದ ಜವಾನನ ಮೇಲೆ, ಚೊಂಬು ಹಿಡಿದ ಹೆಂಡತಿಯ ಮೇಲೆ. ಎಲ್ಲರನ್ನೂ ಕ್ಷಮಿಸಿ ಇನ್ನೂ ಸಮಯ ಉಳಿದಿತ್ತು. ಅಷ್ಟರಲ್ಲಿ ಹೊರಗೆ ಬಾಗಿಲು ಕಿರುಗುಟ್ಟಿತು. ಹೆಂಗಸಿನ ದನಿ, ಆತುರದ್ದು:

"ನಾನು ಕೋರ್ಟ್ ಕಮಿಷನರ್. ಪ್ರಿನ್ಸಿಪಾಲರು ಎಲ್ಲಿ?"

ಮುಗಿಯಿತು. ಎಂಥ ಸಂಚು, ಎಷ್ಟು ಸುಲಭವಾಗಿ ಬಿದ್ದೆ, ಒಂದು ಬೀಗದ ಕೈ ತೋರಿಸಿ ಎಬ್ಬಿಸಿಬಿಟ್ಟ. ಈಗ ಅವನು ಕುರ್ಚಿಯಲ್ಲಿ ಕೂತು, ಕಾಲ ಮೇಲೆ ಕಾಲು ಹಾಕಿ, ನಾನೇ ಎನ್ನುತ್ತಾನೆ. ಹೊರಗೋಡಬೇಕು, ಆದರೆ ನಡುವೆ ನಿಲ್ಲಿಸಲಾಗದಂಥ ಕೆಲಸದಲ್ಲಿ ಅವರಿದ್ದರು. ಕಿವಿ ಮಾತ್ರ ಬಾಗಿಲಿಗೆ ಹೋಯಿತು.

"ಒಳಗಿದಾರೆ" ಎಂದ ಬಳ್ಳಿ. "ಬರ್ತಾರೆ. ಕೂತ್ಕೊಳ್ಳಿ ಮೇಡಂ."

"ಕುರ್ಚಿ ಮೇಲೆ ಇದೇನು?"

"ಪ್ರಿನ್ಸಿಪಾಲರ ಕರ್ಚೀಫು. ಸೀಟು ಹಿಡಿದಿಟ್ಟು ಹೋಗಿದಾರೆ."

ಮೇಷ್ಟ್ರು ಗೋಡೆಗೆ ಕೈ ಊರಿ ನಿಂತರು. ಕೆಲಸ ಮುಗಿದಿತ್ತು, ಹೊರಗೆ ಹೋಗಲಾಗಲಿಲ್ಲ. ಸಂಚೇ ಆಗಿದ್ದರೆ ಎಷ್ಟು ಚೆನ್ನಾಗಿತ್ತು ಎನ್ನಿಸಿತು. ಮೋಸ ಹೋದವನಿಗೆ ಕನಿಷ್ಠ ತಲೆಯೆತ್ತಿ ಬಯ್ಯುವ ಹಕ್ಕಿರುತ್ತದೆ. ಇದಕ್ಕೆ ಏನು ಮಾಡುವುದು? ಮತ್ತೆ ತನ್ನ ಅಂಗಿ ಕೊಟ್ಟಿದ್ದ ಅವನು. ತೋಳು ಮತ್ತೆ ಉದ್ದವಾಗಿತ್ತು. ಅವರು ನಲ್ಲಿ ತಿರುಗಿಸಿ, ಬೇಕಾದ್ದಕ್ಕಿಂತ ಹೆಚ್ಚು ಹೊತ್ತು ಕೈ ತೊಳೆದು, ಮುಖ ತೊಳೆದು, ಒರೆಸಿಕೊಳ್ಳಲು ಕರ್ಚೀಫಿಲ್ಲದೆ ಹಾಗೇ ನೀರು ತೊಟ್ಟಿಕ್ಕಿಸುತ್ತ, ಬಾಗಿಲಿಗೆ ಬೀಗ ಹಾಕಿ ಬಂದರು.

ಕಪ್ಪು ಕೋಟಿನ ಹೆಂಗಸು ಅತಿಥಿಗಳ ಕುರ್ಚಿಯಲ್ಲಿ ಕೂತು ಬರೆಯುತ್ತಿದ್ದರು. ಬಳ್ಳಿ ಕಿಟಕಿಯ ಹತ್ತಿರ ನಿಂತಿದ್ದ. ತಿರುಗುವ ಕುರ್ಚಿ ತನ್ನ ಪೂರ್ತಿ ಎತ್ತರಕ್ಕೆ ಏರಿ ನಿಂತಿತ್ತು, ಮೇಲೆ ಕರ್ಚೀಫು ಹಾಗೇ ಇತ್ತು. ಬಗ್ಗಿ ಹಿಡಿ ಎಳೆದವನು ಯಾರೆಂದು ಕೇಳುವ ಅಗತ್ಯವಿರಲಿಲ್ಲ. ಆ ಕುರ್ಚಿಯಲ್ಲಿ ಅವನೂ ಮುಳುಗಿದ್ದವನೇ.

"ನೀವೇನಾ ಪ್ರಿನ್ಸಿಪಾಲರು? ಇವರು ನಿಮ್ಮ ಸ್ಟಾಫಾ?"

"ಇವರು ಎದುರುದಾರರು" ಎಂದರು ಮೇಷ್ಟ್ರು.

ಆಕೆ ಪೆನ್ನು ನಿಲ್ಲಿಸಿ ಬಳ್ಳಿಯನ್ನು ಅಡಿಯಿಂದ ಮುಡಿಯವರೆಗೆ ನೋಡಿದರು. "ಇರಲಿ. ಇಬ್ಬರೂ ಇರೋದು ಒಳ್ಳೇದೇ ಆಯ್ತು. ಒಂದೇ ಒಂದು ವಿಷಯ ಖಚಿತ ಆಗಬೇಕು." ಕಾಗದ ಎತ್ತಿ ಓದಿದರು: "'ಹಲವು ಬಾರಿ ವಿನಂತಿಸಿದರೂ ಎದುರುದಾರರು ಶೌಚಾಲಯದ ಬೀಗದ ಕೈಯನ್ನು ಕೊಡದೆ ಸತಾಯಿಸಿರುತ್ತಾರೆ.' ಇದು ನಿಜಾನಾ? ಸುಳ್ಳಾದ್ರೆ ನಿಮ್ಮ ಅರ್ಜಿ ಪೂರ್ತಿ ಬಿದ್ದುಹೋಗುತ್ತೆ, ಯೋಚನೆ ಮಾಡಿ ಹೇಳಿ."

ಮೇಷ್ಟ್ರು ಯೋಚನೆ ಮಾಡಿದರು. ಗಲ್ಲದಿಂದ ನೀರು ಮೇಜಿನ ಮೇಲೆ ತೊಟ್ಟಿಕ್ಕಿತು. ನಿಜ ಎಂದರೆ ಕುರ್ಚಿ, ಈ ಕೋಣೆ, ಬಾಗಿಲ ಮೇಲೆ ಬರೆಯಿಸಬೇಕೆಂದುಕೊಂಡ ಹೆಸರಿನ ಹಲಗೆ.

"ನಿಜ ಮೇಡಂ" ಎಂದ ಬಳ್ಳಿ, ಕಿಟಕಿಯ ಕಡೆಯಿಂದ. "ಕೇಳಿದ್ರು. ನಾನೇ ಕೊಡಲಿಲ್ಲ. ಹಟ."

ಆಗ ಮೇಷ್ಟ್ರಿಗೆ ಎಲ್ಲಿತ್ತೋ ಸಿಟ್ಟು ಬಂತು. ಇಷ್ಟು ವರ್ಷ ಅಂಗಿಯ ವಿಷಯ ಎತ್ತದ ಆ ಬಾಯಿಯ ಮೇಲೆ, ಯಾವಾಗಲೂ ಕೊಟ್ಟು ಕೊಟ್ಟು ತಮ್ಮನ್ನು ಸಣ್ಣವರನ್ನಾಗಿ ಮಾಡುವ ಆ ಉದ್ದನೆಯ ಕೈಗಳ ಮೇಲೆ.

"ಸುಳ್ಳು!" ಎಂದು ಮೇಜು ಕುಟ್ಟಿದರು. "ಸುಳ್ಳು ಹೇಳ್ತಿದಾನೆ ಮೇಡಂ! ನಾನು ಒಂದು ಸಲಾನೂ ಕೇಳಿಲ್ಲ!"

"ಕೇಳಿದಾನೆ ಮೇಡಂ. ಪಾಪ, ಮರೆತಿದಾನೆ."

"ಏನು ಮರೆಯೋದು? ಕೇಳಿದ್ದು ಬ್ಲೇಡು! ಬೇಕಾದ್ರೆ ತೋರಿಸ್ತೀನಿ, ಖಾನೇಲಿದೆ!"

"ಬ್ಲೇಡ್ ಕೇಳೋಕೆ ಬಂದಿದ್ದಲ್ಲ ಅಂತ ನಿಂಗೂ ಗೊತ್ತು, ನಂಗೂ ಗೊತ್ತು. ಆಗಲೇ ಕೊಡಬೇಕಿತ್ತು ನಾನು. ಕೊಡಲಿಲ್ಲ. ತಪ್ಪು ನಂದೇ."

"ನಿಂದಲ್ಲ! ಎಲ್ಲ ನಿಂದೇ ಅಂದ್ಕೊಂಡು ದೊಡ್ಡ ಮನುಷ್ಯ ಆಗ್ಬೇಡ ನೀನು! ಅವತ್ತು ಪೂರ್ವಾಹ್ನಾನೂ ನಂದಲ್ಲ ಮೇಡಂ, ಬರ್ಕೊಳ್ಳಿ. ಇವನ ಅಂಗಿ ಹಾಕ್ಕೊಂಡು ಸೇರಿದ್ದು ನಾನು. ನನ್ನ ವಾಂತಿ ತೊಳ್ಕೊಂಡು ಬಂದಿದ್ದಕ್ಕೆ ಇವನಿಗೆ ತಡ ಆಯ್ತು. ಅಲಕ್ಷ್ಯ ಅಲ್ಲ!"

"ಯಾರ ಅಂಗಿ? ಯಾರ ವಾಂತಿ?" ಕಮಿಷನರ್ ಇಬ್ಬರನ್ನೂ ಸರದಿಯಂತೆ ನೋಡಿದರು. "ಇಷ್ಟು ವರ್ಷದ ಪ್ರಾಕ್ಟೀಸಲ್ಲಿ ಇಂಥದ್ದು ನೋಡಿಲ್ಲ ನಾನು. ಇಬ್ಬರೂ ಎದುರ್ ಪಾರ್ಟಿ ಕಡೆಯಿಂದ ಸಾಕ್ಷಿ ಹೇಳ್ತಿದೀರಲ್ರೀ. ಕುರ್ಚಿ ಬೇಕೋ ಬೇಡ್ವೋ ನಿಮಗೆ?"

ಬೇಕಿತ್ತು. ಇಬ್ಬರಿಗೂ ಬೇಕಿತ್ತು, ಅದೇ ತೊಂದರೆ. ಆಕೆ ಇಬ್ಬರ ಹೇಳಿಕೆಯನ್ನೂ ಬರೆದುಕೊಂಡು, ಕೊನೆಗೆ ಗಟ್ಟಿಯಾಗಿ ಓದುತ್ತ ಸೇರಿಸಿದರು: "ನಾನು ಬಂದಾಗ ಕುರ್ಚಿ ಖಾಲಿಯಿದ್ದು, ಅದರ ಮೇಲೆ ಒಂದು ಕರ್ಚೀಫು ಇದ್ದಿತು." ಸಹಿಗೆ ಕಾಗದ ಮುಂದೆ ತಳ್ಳಿದರು. ಬಳ್ಳಿ ಪೆನ್ನನ್ನು ಮೇಷ್ಟ್ರತ್ತ ಉರುಳಿಸಿದ. "ನೀನು ಪೂರ್ವಾಹ್ನದವನು, ನಿಂದೇ ಮೊದಲು." ಅವನ ಮೀಸೆಯ ಕೆಳಗೆ ನಗುವಿತ್ತು. ಮೇಷ್ಟ್ರು ಪೆನ್ನನ್ನು ವಾಪಸು ಉರುಳಿಸಿದರು. ಎರಡು ಮೂರು ಸಲ ಹೀಗೆ ಉರುಳಿದ ಮೇಲೆ ಕಮಿಷನರ್ ತಮ್ಮ ಪೆನ್ನನ್ನೂ ಕೊಟ್ಟು, ಇಬ್ಬರೂ ಒಟ್ಟಿಗೆ ಗೀಚಿ ಮುಗಿಸಿ ಎಂದರು. ಒಟ್ಟಿಗೆ ಗೀಚಿದರು. ಆಕೆ ಕಾಗದ ಮಡಚಿ ತಲೆ ಕೊಡವಿಕೊಂಡು ಹೊರಟುಹೋದರು.

ಅರ್ಧ ಬಾಗಿಲು ಸ್ವಲ್ಪ ಹೊತ್ತು ಹಿಂದೆ ಮುಂದೆ ಆಡಿ ನಿಂತಿತು. ಈಗ ತಮ್ಮ ಅರ್ಜಿ ಬಿದ್ದಿತೆಂದು ಮೇಷ್ಟ್ರಿಗೆ ಗೊತ್ತಿತ್ತು. ಮುಂದಿನ ವಾಯಿದೆಯಲ್ಲಿ ಕುರ್ಚಿಯೂ ಹೋಗುತ್ತದೆ, ವಕೀಲರು ಮುಖ ಸಿಂಡರಿಸುತ್ತಾರೆ, ಸ್ಟಾಫ್ ರೂಮಿನಲ್ಲಿ ಹೊಸ ಹೆಸರು ಹುಟ್ಟುತ್ತದೆ. ಹೊಟ್ಟೆ ಉರಿಯಿತು, ಸುಳ್ಳೇಕೆ. ಆದರೆ ಉರಿಯುವ ಹೊಟ್ಟೆ ಹಗುರವಾಗಿಯೂ ಇತ್ತು. ಅವರು ತಿರುಗುವ ಕುರ್ಚಿಯತ್ತ ಹೋಗಲಿಲ್ಲ. ಅತಿಥಿಗಳ ಕುರ್ಚಿಯಲ್ಲಿ ಕುಸಿದರು.

"ಅಂಗಿ ಧೂಳು ಒರೆಸೋ ಬಟ್ಟೆ ಆಯ್ತು ಕಣೋ" ಎಂದರು. "ನಿಂಗೆ ಹೇಳಿರಲಿಲ್ಲ."

"ಗೊತ್ತು. ನಿಮ್ಮನೇಲಿ ಊಟ ಮಾಡೋವಾಗ ಅತ್ತಿಗೆ ಅದರಲ್ಲೇ ಮೇಜು ಒರೆಸ್ತಿದ್ರು." ಬಳ್ಳಿ ಒಂದು ಕಾಲಿನಿಂದ ಇನ್ನೊಂದು ಕಾಲಿಗೆ ಭಾರ ಬದಲಾಯಿಸಿದ. ಮತ್ತೆ ಬದಲಾಯಿಸಿದ. ಆಗ ಮೇಷ್ಟ್ರು ಅವನ ಪಾದಗಳನ್ನು ಸರಿಯಾಗಿ ನೋಡಿದರು. ಹೆಬ್ಬೆರಳುಗಳು ಚಪ್ಪಲಿಯನ್ನು ಗಟ್ಟಿಯಾಗಿ ಕಚ್ಚಿ ಹಿಡಿದಿದ್ದವು. ಬೆಳಿಗ್ಗೆಯಿಂದ ಅವನೂ ಬೆಂಚು ಬಿಟ್ಟು ಎದ್ದಿರಲಿಲ್ಲ.

"ಆ ಬೀಗದ ಕೈ," ಎಂದ ಬಳ್ಳಿ, ಹಲ್ಲು ಕಚ್ಚಿಕೊಂಡು, "ಕೊಡ್ತೀಯಾ?"

ಕೇಳುವುದು ಎಷ್ಟು ಚಿಕ್ಕ ಕೆಲಸ. ಮೇಷ್ಟ್ರು ಕೊಟ್ಟರು. ಬಳ್ಳಿ ಒಳಗೆ ಓಡಿದ, ಬಾಗಿಲು ಧಡಾರನೆ ಮುಚ್ಚಿತು. ಕೋಣೆಯಲ್ಲಿ ಅವರು, ಗೂಬೆ, ಕಪ್ಪು, ಎತ್ತರಕ್ಕೆ ಏರಿ ನಿಂತ ಖಾಲಿ ಕುರ್ಚಿ. ಅದರ ಮೇಲಿನ ಕರ್ಚೀಫಿನ ಒಂದು ಮೂಲೆ ಫ್ಯಾನಿನ ಗಾಳಿಗೆ ಮಗುಚಿಕೊಂಡಿತ್ತು. ಮೇಷ್ಟ್ರು ಮುಂದೆ ಬಗ್ಗಿ ಅದನ್ನು ನೇರ ಮಾಡಿದರು. ಫೋನು ಬಡಿದುಕೊಂಡಿತು. ಕೂತಲ್ಲಿಂದಲೇ, ಮೇಜಿನ ಈಚೆಯಿಂದಲೇ ಕೈ ಚಾಚಿ ಎತ್ತಿಕೊಂಡರು.

"ಪ್ರಿನ್ಸಿಪಾಲರೇ, ಎದ್ದಿಲ್ಲ ತಾನೆ?"

"ಪ್ರಿನ್ಸಿಪಾಲರಾ?" ಎಂದರು ಮೇಷ್ಟ್ರು. ಒಂದು ಗಳಿಗೆ ಮುಚ್ಚಿದ ಬಾಗಿಲನ್ನು ನೋಡಿದರು. "ಒಳಗಿದಾರೆ. ಬರ್ತಾರೆ, ಹಿಡ್ಕೊಂಡಿರಿ."